ಉಳಿಸಿದ ಆಟ ಉಳಿಯುವುದೆಲ್ಲಿ?

ಚೌಕಾಬಾರ ಆಡುತ್ತಿರುವಾಗ ಊಟಕ್ಕೆ ಕರೆ ಬಂದರೆ ಕಾಯಿಗಳನ್ನು ಇದ್ದ ಮನೆಗಳಲ್ಲೇ ಬಿಟ್ಟು, ‘ಯಾರೂ ಮುಟ್ಟಬೇಡಿ’ ಎಂದು ಮಕ್ಕಳಿಗೆ ತಾಕೀತು ಮಾಡಿ ಏಳುವುದು ವಾಡಿಕೆ. ಊಟ ಮುಗಿಸಿ ಬರುವಷ್ಟರಲ್ಲಿ ಯಾರದೋ ಸೆರಗೋ ಪೊರಕೆಯೋ ತಾಗಿ ಒಂದು ಕಾಯಿ ಸರಿದಿದ್ದರೆ ಮುಗಿಯಿತು. ಅದು ಯಾವ ಮನೆಯಲ್ಲಿತ್ತು ಎಂಬ ವಾದ ಸಂಜೆಯವರೆಗೂ ನಡೆಯುತ್ತದೆ.

ಚದುರಂಗದವರು ಈ ತೊಂದರೆಗೆ ಬಹಳ ಹಿಂದೆಯೇ ಪರಿಹಾರ ಕಂಡುಕೊಂಡಿದ್ದರು. ದೊಡ್ಡ ಪಂದ್ಯಗಳಲ್ಲಿ ಆಟ ಒಂದೇ ದಿನಕ್ಕೆ ಮುಗಿಯದಿದ್ದರೆ, ಮುಂದಿನ ನಡೆ ಯಾರದೋ ಅವರು ಅದನ್ನು ಗುಟ್ಟಾಗಿ ಬರೆದು ಲಕೋಟೆಯಲ್ಲಿಟ್ಟು ಅಂಟಿಸಿ ತೀರ್ಪುಗಾರರ ಕೈಗೆ ಕೊಡುತ್ತಿದ್ದರು. ಯಾವ ಕಾಯಿ ಎಲ್ಲಿದೆ, ಯಾರಿಗೆ ಎಷ್ಟು ಸಮಯ ಉಳಿದಿದೆ ಎಂಬುದೂ ದಾಖಲಾಗುತ್ತಿತ್ತು. ಮರುದಿನ ಲಕೋಟೆ ಒಡೆದರೆ ಆಟ ನಿಂತಲ್ಲಿಂದಲೇ ಶುರು. 1990ರ ದಶಕದಲ್ಲಿ ಚದುರಂಗದ ಕಂಪ್ಯೂಟರುಗಳು ಬಲವಾದ ಮೇಲೆ, ರಾತ್ರಿಯೆಲ್ಲ ಯಂತ್ರದಿಂದ ಸಲಹೆ ಪಡೆಯಬಹುದೆಂಬ ಭಯದಿಂದ ಈ ಪದ್ಧತಿ ಮರೆಗೆ ಸರಿಯಿತು.

ಇಂದು ಮನೆಮನೆಯ ಕಂಪ್ಯೂಟರುಗಳಲ್ಲಿ ಮಕ್ಕಳೂ ದೊಡ್ಡವರೂ ಆಡುವ ಆಟಗಳಲ್ಲಿ ಅದೇ ಲಕೋಟೆ ಬೇರೆ ರೂಪದಲ್ಲಿದೆ. ಅದರ ಹೆಸರು ‘ಸೇವ್ ಫೈಲ್’, ಅಂದರೆ ಆಟ ನಿಂತ ಸ್ಥಿತಿಯನ್ನು ದಾಖಲಿಸಿಟ್ಟ ಕಡತ. ನೂರಾರು ಗಂಟೆ ಆಡಿ ಕಟ್ಟಿದ ಊರು, ಬೆಳೆಸಿದ ತೋಟ, ಗೆದ್ದ ಯುದ್ಧ ಎಲ್ಲವೂ ಈ ಪುಟ್ಟ ಕಡತದಲ್ಲಿ ಅಡಗಿರುತ್ತವೆ. ಆದರೆ ಬಹುತೇಕ ಆಟಗಾರರಿಗೆ ಅದು ಎಲ್ಲಿದೆ ಎಂದೇ ಗೊತ್ತಿರುವುದಿಲ್ಲ. ಕಂಪ್ಯೂಟರ್ ಕೆಟ್ಟು ಅಂಗಡಿಯವನು ಎಲ್ಲವನ್ನೂ ಅಳಿಸಿ ವಿಂಡೋಸ್ ಹೊಸದಾಗಿ ಹಾಕಿಕೊಟ್ಟ ದಿನ, ಮನೆಯಲ್ಲಿ ಅಳು ಕೇಳಿಸಿದಾಗ ಗೊತ್ತಾಗುತ್ತದೆ. ಅಭಿಮಾನಿಗಳೇ ತಿದ್ದಿ ಬೆಳೆಸಿದ ಆಟವಾದರಂತೂ ಕಡತ ಕೈಯಲ್ಲಿದ್ದರೂ ಆಟ ತೆರೆಯದೇ ಹೋಗಬಹುದು. ಏಕೆ ಹೀಗೆ?

ನೆನಪಿಲ್ಲದ ಆಟಗಳು

ಮೊದಮೊದಲ ವಿಡಿಯೋ ಆಟಗಳಿಗೆ ನೆನಪೇ ಇರಲಿಲ್ಲ. ನಾಣ್ಯ ಹಾಕಿ ಆಡುವ ಯಂತ್ರದಲ್ಲಿ ಸೋತರೆ ಮತ್ತೆ ನಾಣ್ಯ, ಮತ್ತೆ ಮೊದಲಿನಿಂದ. ಯಂತ್ರದ ಮಾಲೀಕರಿಗೂ ಅದೇ ಲಾಭ. ಆಟವನ್ನು ನಿಲ್ಲಿಸಿ ಮುಂದುವರಿಸುವ ಅಗತ್ಯ ಮೊದಲು ಕಂಡದ್ದು ಕಥೆ ಹೇಳುವ ಆಟಗಳಲ್ಲಿ. ವಿಲ್ ಕ್ರೌದರ್ ಎಂಬ ಅಮೆರಿಕದ ಪ್ರೋಗ್ರಾಮರ್ ಬರೆದ, 1977ರಲ್ಲಿ ಡಾನ್ ವುಡ್ಸ್ ಬೆಳೆಸಿದ ‘ಅಡ್ವೆಂಚರ್’ ಎಂಬ ಗುಹೆಯ ಆಟದಲ್ಲಿ ಚಿತ್ರವೇ ಇರಲಿಲ್ಲ. ಎಲ್ಲವೂ ಅಕ್ಷರಗಳಲ್ಲೇ. ಗುಹೆ ದೊಡ್ಡದು, ಒಂದು ಕೂರಿಗೆಯಲ್ಲಿ ಮುಗಿಯುವಂಥದ್ದಲ್ಲ. ಹಾಗಾಗಿ ಅಲ್ಲಿಗೇ ನಿಲ್ಲಿಸಿ ಆಮೇಲೆ ಮುಂದುವರಿಸುವ ಏರ್ಪಾಡು ಬಂತು. 1980ರಲ್ಲಿ ಮನೆಯ ಕಂಪ್ಯೂಟರಿಗೆ ಬಂದ ‘ಜಾರ್ಕ್’ ಆಟದಲ್ಲಿ ‘ಸೇವ್’ ಎಂದು ಟೈಪ್ ಮಾಡಿದರೆ ಆಟದ ಸ್ಥಿತಿ ಫ್ಲಾಪಿಯ ಮೇಲೆ ದಾಖಲಾಗುತ್ತಿತ್ತು. ‘ರಿಸ್ಟೋರ್’ ಎಂದರೆ ಮರಳಿ ಬರುತ್ತಿತ್ತು.

ಟಿವಿಗೆ ಜೋಡಿಸಿ ಆಡುವ ಯಂತ್ರಗಳಿಗೆ ಈ ಅನುಕೂಲ ಇರಲಿಲ್ಲ. ಆಟ ಇದ್ದದ್ದು ಪ್ಲಾಸ್ಟಿಕ್ ಕಾರ್ಟ್ರಿಜ್ಜಿನಲ್ಲಿ, ಅದರ ಮೇಲೆ ಬರೆಯುವಂತಿಲ್ಲ. ಜಪಾನಿನಲ್ಲಿ 1986ರಲ್ಲಿ ಬಂದ ‘ಡ್ರ್ಯಾಗನ್ ಕ್ವೆಸ್ಟ್’ ಇದಕ್ಕೆ ಮಾಡಿದ ಉಪಾಯ ಮಜವಾಗಿದೆ. ಆಟ ನಿಲ್ಲಿಸುವಾಗ ಅದು 20 ಜಪಾನೀ ಅಕ್ಷರಗಳ ಒಂದು ‘ಮಂತ್ರ’ ಕೊಡುತ್ತಿತ್ತು. ಅದನ್ನು ಪುಸ್ತಕದಲ್ಲಿ ಬರೆದುಕೊಂಡು ಮರುದಿನ ಹಾಗೆಯೇ ನಮೂದಿಸಬೇಕು. ನಿಮ್ಮ ಬಲ, ಹಣ, ಆಯುಧ ಎಲ್ಲವೂ ಆ ಅಕ್ಷರಗಳಲ್ಲಿ ಅಡಕವಾಗಿರುತ್ತಿದ್ದವು. ಒಂದು ಅಕ್ಷರ ತಪ್ಪಿ ಬರೆದರೂ ಮಂತ್ರ ಫಲಿಸುತ್ತಿರಲಿಲ್ಲ! ಇದಕ್ಕೆ ಇನ್ನೊಂದು ಪರಿಹಾರವನ್ನು ನಿಂಟೆಂಡೊ ಕಂಪನಿ 1987ರಲ್ಲಿ ಅಮೆರಿಕಕ್ಕೆ ತಂದ ‘ಲೆಜೆಂಡ್ ಆಫ್ ಜೆಲ್ಡಾ’ದಲ್ಲಿ ಕಾಣಬಹುದು. ಕಾರ್ಟ್ರಿಜ್ಜಿನೊಳಗೆ ಪುಟ್ಟದೊಂದು ಬ್ಯಾಟರಿ ಇಟ್ಟು, ಯಂತ್ರ ಆರಿಸಿದ ಮೇಲೂ ನೆನಪು ಆರದಂತೆ ನೋಡಿಕೊಂಡರು. 1994ರಲ್ಲಿ ಬಂದ ಸೋನಿಯ ‘ಪ್ಲೇಸ್ಟೇಷನ್’ ನೆನಪನ್ನು ಪ್ರತ್ಯೇಕ ಕಾರ್ಡಿಗೆ ವರ್ಗಾಯಿಸಿತು. ಅದರ ಸಾಮರ್ಥ್ಯ 128 ಕಿಲೋಬೈಟ್ ಮಾತ್ರ, 15 ಮನೆಗಳಾಗಿ ಹಂಚಿಕೆ. ಆಟಗಾರರು ಅದನ್ನು ಜೇಬಿನಲ್ಲಿಟ್ಟುಕೊಂಡು ಗೆಳೆಯರ ಮನೆಗೆ ಒಯ್ಯುತ್ತಿದ್ದರು.

ನಮ್ಮಲ್ಲಿ ಕಂಪ್ಯೂಟರ್ ತರಗತಿಗಳ ಕಾಲದಲ್ಲಿ ಬೆಳೆದವರಿಗೆ ‘ಪ್ರಿನ್ಸ್ ಆಫ್ ಪರ್ಷಿಯಾ’ ನೆನಪಿರಬಹುದು. ಜೋರ್ಡನ್ ಮೆಕ್ನರ್ 1989ರಲ್ಲಿ ರೂಪಿಸಿದ ಆ ಆಟದಲ್ಲಿ ರಾಜಕುಮಾರಿಯನ್ನು ಬಿಡಿಸಲು ಇದ್ದದ್ದು 60 ನಿಮಿಷ. ಕೆಲವು ಹಂತ ದಾಟಿದ ಮೇಲೆ ‘ಕಂಟ್ರೋಲ್’ ಮತ್ತು ‘ಜಿ’ ಕೀಲಿಗಳನ್ನು ಒಟ್ಟಿಗೆ ಒತ್ತಿದರೆ ಯಾವ ಹಂತ, ಎಷ್ಟು ನಿಮಿಷ ಉಳಿದಿದೆ ಎಂಬುದು ಒಂದು ಕಡತಕ್ಕೆ ಸೇರುತ್ತಿತ್ತು. ಹತ್ತು ಜನ ಹಂಚಿಕೊಳ್ಳುವ ಕಂಪ್ಯೂಟರಿನಲ್ಲಿ ಇದ್ದದ್ದು ಒಂದೇ ಕಡತ. ಒಬ್ಬನು ಉಳಿಸಿದರೆ ಇನ್ನೊಬ್ಬನದು ಹೋಯಿತು.

ಲಕೋಟೆಯಲ್ಲಿ ಏನಿರುತ್ತದೆ?

ಸೇವ್ ಕಡತದಲ್ಲಿ ಇಡೀ ಆಟವೇ ಇರುತ್ತದೆಂಬುದು ಸಾಮಾನ್ಯವಾದ ತಪ್ಪು ಕಲ್ಪನೆ. ಚದುರಂಗದ ಲಕೋಟೆಯೊಳಗೆ ಮಣೆಯನ್ನೂ ಕಾಯಿಗಳನ್ನೂ ಯಾರೂ ತುರುಕುವುದಿಲ್ಲವಷ್ಟೆ. ಯಾವ ಕಾಯಿ ಎಲ್ಲಿ ಎಂಬ ಬರಹವಷ್ಟೇ ಅಲ್ಲಿರುವುದು. ಮಣೆ ಮರುದಿನವೂ ಹಾಗೆಯೇ ಇರುತ್ತದೆ, ಅರವತ್ತನಾಲ್ಕೇ ಮನೆ ಇರುತ್ತವೆ ಎಂಬ ನಂಬಿಕೆಯ ಮೇಲೆ ಅದು ನಿಂತಿದೆ.

ಆಟದ ಕಡತವೂ ಹಾಗೆಯೇ. ಬೆಟ್ಟ, ಕಾಡು, ಅರಮನೆ, ಸಂಗೀತ, ಪಾತ್ರಗಳ ಮಾತು ಇವೆಲ್ಲ ಆಟದ ಮೂಲ ಕಡತಗಳಲ್ಲಿ ಇರುತ್ತವೆ. ಅವುಗಳ ಗಾತ್ರ ಹಲವು ಗಿಗಾಬೈಟ್. ಸೇವ್ ಕಡತ ಬರೆದುಕೊಳ್ಳುವುದು ವ್ಯತ್ಯಾಸವನ್ನು ಮಾತ್ರ: ನೀವು ಎಲ್ಲಿ ನಿಂತಿದ್ದೀರಿ, ಯಾವ ಪೆಟ್ಟಿಗೆ ತೆರೆದಿದ್ದೀರಿ, ಯಾರನ್ನು ಮಾತನಾಡಿಸಿದ್ದೀರಿ, ಯಾವ ಕೆಲಸ ಅರ್ಧಕ್ಕೆ ನಿಂತಿದೆ. ಅದಕ್ಕೆ ಕೆಲವು ಮೆಗಾಬೈಟ್ ಸಾಕು. ವಸ್ತುಗಳ ಹೆಸರನ್ನು ಪೂರ್ತಿ ಬರೆಯುವ ಬದಲು ಅನೇಕ ಆಟಗಳು ಸಂಖ್ಯೆಯಲ್ಲಿ ಬರೆದುಕೊಳ್ಳುತ್ತವೆ. ‘ಇಷ್ಟನೇ ನಂಬರಿನ ಕತ್ತಿ ಇವನ ಕೈಯಲ್ಲಿದೆ’ ಎಂದು. ಆ ನಂಬರಿನಲ್ಲಿ ಏನಿದೆ ಎಂದು ತಿಳಿಯಲು ಮೂಲ ಆಟ ಬೇಕೇ ಬೇಕು. ಮೂಲ ಬದಲಾದರೆ? ತೊಂದರೆ ಹುಟ್ಟುವುದು ಅಲ್ಲೇ.

ಆಟ ತಿದ್ದುವವರು

ಮೂಲವನ್ನು ಬದಲಾಯಿಸುವ ಈ ಕೆಲಸಕ್ಕೆ ಆಟಗಾರರು ಇಟ್ಟ ಹೆಸರು ‘ಮಾಡ್’. ಮಾರ್ಪಾಡು ಎಂಬರ್ಥದ ‘ಮಾಡಿಫಿಕೇಷನ್’ ಎಂಬ ಇಂಗ್ಲಿಷ್ ಪದದ ಮೊಟಕು ರೂಪ ಇದು. ನಮ್ಮ ‘ಮಾಡು’ ಎಂಬ ಕ್ರಿಯಾಪದಕ್ಕೂ ಇದಕ್ಕೂ ನಂಟಿಲ್ಲದಿದ್ದರೂ ಅರ್ಥವೇನೋ ಹೊಂದುತ್ತದೆ!

ಹಳೆಯ ತಾಳೆಗರಿ ಗ್ರಂಥಗಳನ್ನು ಪ್ರತಿ ಮಾಡುವವರು ತಮ್ಮದೂ ನಾಲ್ಕು ಪದ್ಯ ಸೇರಿಸಿದರೆ ಅದನ್ನು ವಿದ್ವಾಂಸರು ಪ್ರಕ್ಷೇಪ ಎನ್ನುತ್ತಾರೆ. ಮಾಡ್ ಎಂಬುದು ಆಟಗಳ ಪ್ರಕ್ಷೇಪ ಎನ್ನಬಹುದು. ಒಂದೇ ವ್ಯತ್ಯಾಸವೆಂದರೆ ಇಲ್ಲಿ ಸೇರಿಸಿದವರು ತಮ್ಮ ಹೆಸರನ್ನು ಮರೆಮಾಚುವುದಿಲ್ಲ, ಎಷ್ಟೋ ಸಲ ಮೂಲದವರೂ ಬೇಡವೆನ್ನುವುದಿಲ್ಲ.

ಮೂಲದವರೇ ಬಾಗಿಲು ತೆರೆದಿಟ್ಟ ಪ್ರಸಿದ್ಧ ಉದಾಹರಣೆ 1993ರ ಡಿಸೆಂಬರಿನಲ್ಲಿ ಬಂದ ‘ಡೂಮ್’. ಐಡಿ ಸಾಫ್ಟ್‌ವೇರ್ ಎಂಬ ಸಣ್ಣ ಕಂಪನಿಯದು. ಅದರ ಹಿಂದಿನ ಆಟವಾದ ‘ವೂಲ್ಫನ್‌ಸ್ಟೈನ್ 3ಡಿ’ಯನ್ನು ಅಭಿಮಾನಿಗಳು ಕಷ್ಟಪಟ್ಟು ಬಿಚ್ಚಿ ತಿದ್ದುತ್ತಿದ್ದುದನ್ನು ಕಂಪನಿಯವರು ಗಮನಿಸಿದ್ದರು. ಹೀಗಾಗಿ ಡೂಮ್‌ನಲ್ಲಿ ನಕ್ಷೆ, ಚಿತ್ರ, ಧ್ವನಿ ಎಲ್ಲವನ್ನೂ ‘ವ್ಯಾಡ್’ ಎಂಬ ಪ್ರತ್ಯೇಕ ಕಡತದಲ್ಲಿಟ್ಟರು. ಮೂಲವನ್ನು ಮುಟ್ಟದೆ ಪಕ್ಕದಲ್ಲೇ ತಮ್ಮ ಕಡತ ಇಟ್ಟು ಹೊಸ ಆಟ ಮಾಡಿಕೊಳ್ಳಲು ಅಭಿಮಾನಿಗಳಿಗೆ ದಾರಿಯಾಯಿತು. 1997ರಲ್ಲಿ ಪ್ರೋಗ್ರಾಮಿನ ಮೂಲ ಬರಹವನ್ನೂ ಬಿಡುಗಡೆ ಮಾಡಿದರು. ಮೂವತ್ತು ವರ್ಷ ಕಳೆದರೂ ಡೂಮ್‌ಗೆ ಹೊಸ ನಕ್ಷೆಗಳು ಬರುತ್ತಲೇ ಇವೆ.

ಆದರೆ ಡೂಮ್‌ನ ಸೇವ್ ಕಡತ ಈ ಸಂಭ್ರಮಕ್ಕೆ ಸಿದ್ಧವಾಗಿರಲಿಲ್ಲ. ಅದಕ್ಕೆ ಆರು ಸ್ಥಾನ. ಪ್ರತಿಯೊಂದಕ್ಕೂ ಆಟಗಾರ ಪುಟ್ಟದೊಂದು ಹೆಸರು ಕೊಡಬಹುದು. ಯಾವ ಅಧ್ಯಾಯ, ಎಷ್ಟನೇ ನಕ್ಷೆ ಎಂಬುದನ್ನು ಕಡತ ಬರೆದುಕೊಳ್ಳುತ್ತಿತ್ತೇ ಹೊರತು ಯಾರ ನಕ್ಷೆ ಎಂಬುದನ್ನಲ್ಲ. ಅಭಿಮಾನಿಯೊಬ್ಬನ ‘ಒಂದನೇ ಅಧ್ಯಾಯದ ಎರಡನೇ ನಕ್ಷೆ’ಯಲ್ಲಿ ನಿಲ್ಲಿಸಿದ ಆಟವನ್ನು ಮೂಲ ಆಟದಲ್ಲಿ ತೆರೆದರೆ, ಗೋಡೆಯಿಲ್ಲದಲ್ಲಿ ಗೋಡೆ ಹುಡುಕುವ ಸ್ಥಿತಿ. ಜತೆಗೆ ಕಡತಕ್ಕೆ 1,80,224 ಬೈಟ್‌ಗಳ ಮಿತಿಯೂ ಇತ್ತು. ಕಂಪನಿಯ ನಕ್ಷೆಗಳಿಗೆ ಅದು ಧಾರಾಳ. ಆದರೆ ಅಭಿಮಾನಿಗಳು ಸಾವಿರಾರು ರಾಕ್ಷಸರನ್ನು ತುಂಬಿದ ನಕ್ಷೆಗಳಲ್ಲಿ ‘ಸೇವ್’ ಒತ್ತಿದರೆ ಮಿತಿ ಮೀರಿ ಆಟವೇ ನಿಂತುಹೋಗುತ್ತಿತ್ತು. ಉಳಿಸಲು ಹೋಗಿ ಕಳೆದುಕೊಂಡಂತೆ. ಮುಂದೆ ಅಭಿಮಾನಿಗಳೇ ಆ ಮಿತಿಯನ್ನು ತೆಗೆದುಹಾಕಿದ ಆವೃತ್ತಿಗಳನ್ನು ಸಿದ್ಧಪಡಿಸಿದರು.

ವೇಷ ಬದಲು, ಪ್ರಸಂಗ ಬದಲು

ಎಲ್ಲ ಮಾಡ್‌ಗಳೂ ಸೇವ್ ಕಡತಕ್ಕೆ ಅಪಾಯಕಾರಿಯಲ್ಲ. ಯಕ್ಷಗಾನದಲ್ಲಿ ವೇಷ ಬದಲಾದರೆ ಪ್ರಸಂಗ ಬದಲಾಗದು. ಅಂಥ ಮಾಡ್‌ಗಳೂ ಇವೆ, ಪ್ರಸಂಗವನ್ನೇ ತಿದ್ದುವ ಮಾಡ್‌ಗಳೂ ಇವೆ.

ನಮ್ಮ ಊರುಗಳ ಸೈಬರ್ ಕೆಫೆಗಳಲ್ಲಿ ಒಂದು ಕಾಲಕ್ಕೆ ಎಲ್ಲೆಲ್ಲೂ ಕಾಣುತ್ತಿದ್ದ ‘ಜಿಟಿಎ ವೈಸ್ ಸಿಟಿ’ಯನ್ನೇ ನೋಡಿ. 2003ರಲ್ಲಿ ಕಂಪ್ಯೂಟರಿಗೆ ಬಂದ ಈ ಆಟದ ಸೇವ್ ಕಡತಗಳು ‘ಡಾಕ್ಯುಮೆಂಟ್ಸ್’ ಒಳಗಿನ ‘ಜಿಟಿಎ ವೈಸ್ ಸಿಟಿ ಯೂಸರ್ ಫೈಲ್ಸ್’ ಎಂಬ ಫೋಲ್ಡರಿನಲ್ಲಿ ಕೂಡುತ್ತವೆ. ಒಟ್ಟು ಎಂಟು ಸ್ಥಾನ. ಆಟದ ಕಾರಿನ ಜಾಗದಲ್ಲಿ ನಮ್ಮ ಊರಿನ ಆಟೊ ರಿಕ್ಷಾ ತಂದಿಟ್ಟರೆ ಹಳೆಯ ಸೇವ್ ಕಡತಕ್ಕೆ ಏನೂ ಆಗುವುದಿಲ್ಲ. ಕಡತಕ್ಕೆ ಗೊತ್ತಿರುವುದು ಆ ವಾಹನದ ಸಂಖ್ಯೆ, ಅದರ ಬಣ್ಣ ರೂಪವಲ್ಲ. ಆದರೆ ಕಥೆ ನಡೆಸುವ ಮುಖ್ಯ ಲಿಪಿಯನ್ನು ಬದಲಿಸುವ ಮಾಡ್ ಹಾಕಿದರೆ ಹಳೆಯ ಕಡತ ತೆರೆಯುವುದೇ ಕಷ್ಟ. ಕಥೆ ಯಾವ ಸಾಲಿನಲ್ಲಿ ನಿಂತಿತ್ತೆಂದು ಕಡತ ಬರೆದಿಟ್ಟಿರುತ್ತದೆ. ಹೊಸ ಲಿಪಿಯಲ್ಲಿ ಆ ಸಾಲಿನಲ್ಲಿ ಬೇರೆಯೇ ಏನೋ ಇರುತ್ತದೆ. ಅಂಥ ಮಾಡ್‌ಗಳ ಜತೆ ‘ಹೊಸ ಆಟ ಶುರು ಮಾಡಿ’ ಎಂದು ಸೂಚನೆ ಇರುವುದು ಇದಕ್ಕೇ.

ಇದರ ಇನ್ನೂ ಜಟಿಲ ರೂಪ 2011ರ ನವೆಂಬರಿನಲ್ಲಿ ಬಂದ ‘ಸ್ಕೈರಿಮ್’ನಲ್ಲಿದೆ. ಬೆಥೆಸ್ಡಾ ಕಂಪನಿಯ ಈ ಆಟಕ್ಕೆ ಅಭಿಮಾನಿಗಳು ರಚಿಸಿದ ಮಾಡ್‌ಗಳು ಸಾವಿರಗಟ್ಟಲೆ. ಇದರಲ್ಲಿ ಪ್ರತಿ ವಸ್ತುವಿಗೂ ಎಂಟು ಸ್ಥಾನಗಳ ಒಂದು ಸಂಖ್ಯೆ. ಮೊದಲ ಎರಡು ಸ್ಥಾನ, ಆ ವಸ್ತು ಯಾವ ಮಾಡ್‌ನಿಂದ ಬಂತು ಎಂಬುದನ್ನು ಹೇಳುತ್ತವೆ. ಉಳಿದ ಆರು, ಆ ಮಾಡ್‌ನೊಳಗೆ ಅದು ಎಷ್ಟನೆಯದು ಎಂಬುದನ್ನು. ಬೀದಿ ಹೆಸರು ಮತ್ತು ಮನೆ ನಂಬರ್ ಇದ್ದಂತೆ. ಕಂಪ್ಯೂಟರಿನ ಹದಿನಾರರ ಎಣಿಕೆಯಲ್ಲಿ ಎರಡು ಸ್ಥಾನಕ್ಕೆ ಸಿಗುವುದು 256 ಬೀದಿ. ಕೊನೆಯದು ಆಟದ ನಡುವೆ ಹೊಸದಾಗಿ ಹುಟ್ಟುವ ವಸ್ತುಗಳಿಗೆ ಮೀಸಲು. ಮೂಲ ಆಟವೂ ಸೇರಿ 255ಕ್ಕಿಂತ ಹೆಚ್ಚು ಕಡತ ಜೋಡಿಸಲಾಗದು ಎಂಬ ಪ್ರಸಿದ್ಧ ಮಿತಿ ಬಂದದ್ದು ಹೀಗೆ. ಮುಂದೆ 2016ರ ಪರಿಷ್ಕೃತ ಆವೃತ್ತಿಗೆ, ಒಂದೇ ಬೀದಿಯನ್ನು ಅನೇಕರು ಹಂಚಿಕೊಳ್ಳುವ ‘ಹಗುರ’ ಮಾಡ್‌ಗಳು ಬಂದು ಇಕ್ಕಟ್ಟು ಕಡಿಮೆಯಾಯಿತು.

ಸ್ಕೈರಿಮ್‌ನ ಸೇವ್ ಕಡತ ಡೂಮ್‌ಗಿಂತ ಜಾಣ. ಆಟ ನಿಂತಾಗ ಯಾವ ಯಾವ ಮಾಡ್‌ಗಳಿದ್ದವು ಎಂಬ ಪಟ್ಟಿಯನ್ನೂ ಅದು ಬರೆದಿಟ್ಟುಕೊಳ್ಳುತ್ತದೆ. ಮತ್ತೆ ತೆರೆಯುವಾಗ ಪಟ್ಟಿಯ ಒಂದು ಮಾಡ್ ಕಾಣೆಯಾಗಿದ್ದರೆ ಎಚ್ಚರಿಸುತ್ತದೆ. ಆಟಗಾರ ಅವಸರದಲ್ಲಿ ‘ಇರಲಿ, ಮುಂದುವರಿ’ ಎಂದರೆ ಆ ಮಾಡ್‌ನಿಂದ ಬಂದ ಆಯುಧ, ಮನೆ, ಜತೆಗಾರ ಎಲ್ಲ ಮಾಯ. ಅದರ ಮೇಲೆ ಮತ್ತೊಮ್ಮೆ ಸೇವ್ ಮಾಡಿದರೆ ಆ ನಷ್ಟವೇ ಹೊಸ ಕಡತದಲ್ಲಿ ಖಾಯಂ. ಆಮೇಲೆ ಮಾಡ್ ಮರಳಿ ಹಾಕಿದರೂ ಕಳೆದದ್ದು ಬರುವುದಿಲ್ಲ.

ಇನ್ನೊಂದು ತೊಡಕೂ ಇದೆ. ಮಾಡ್‌ಗಳು ಆಟದೊಳಗೆ ಪುಟ್ಟ ಪುಟ್ಟ ಆದೇಶಗಳನ್ನು ನಡೆಸುತ್ತಿರುತ್ತವೆ. ಅರ್ಧಕ್ಕೆ ನಿಂತ ಆದೇಶಗಳೂ ಸೇವ್ ಕಡತದೊಳಗೇ ಸೇರುತ್ತವೆ. ಮಾಡ್ ಕಿತ್ತುಹಾಕಿದರೂ ಈ ಅನಾಥ ಆದೇಶಗಳು ಕಡತದಲ್ಲಿ ಉಳಿಯುತ್ತವೆ. ಅವನ್ನು ಹುಡುಕಿ ತೆಗೆಯುವ ‘ರೀಸೇವರ್’ನಂಥ ಉಪಕರಣಗಳಿವೆ. ಆದರೆ ಅದು ಶಸ್ತ್ರಚಿಕಿತ್ಸೆ, ಎಲ್ಲ ರೋಗಿಗಳೂ ಬದುಕುವುದಿಲ್ಲ. ಅನುಭವಿಗಳ ಮಾತು ಒಂದೇ: ಆಟದ ನಡುವೆ ಮಾಡ್ ಸೇರಿಸುವುದಾದರೆ ಯೋಚಿಸಿ ಸೇರಿಸಿ, ತೆಗೆಯುವುದನ್ನಂತೂ ಮಾಡಬೇಡಿ.

‘ಮೈನ್‌ಕ್ರಾಫ್ಟ್’ ಎಂಬ ಇಟ್ಟಿಗೆಗಳ ಆಟದಲ್ಲಿ ಸೇವ್ ಎಂಬುದು ಒಂದು ಕಡತವಲ್ಲ, ಒಂದು ಪ್ರಪಂಚಕ್ಕೆ ಒಂದು ಇಡೀ ಫೋಲ್ಡರ್. ನೆಲವನ್ನು 16ಕ್ಕೆ 16 ಇಟ್ಟಿಗೆಗಳ ತುಂಡುಗಳಾಗಿ, ಅಂಥ 32ಕ್ಕೆ 32 ತುಂಡುಗಳನ್ನು ಒಂದು ಪ್ರಾಂತ್ಯವಾಗಿ ವಿಂಗಡಿಸಿ ಬೇರೆ ಬೇರೆ ಕಡತಗಳಲ್ಲಿ ಇಡಲಾಗುತ್ತದೆ. ಹಳೆಯ ಆವೃತ್ತಿಗಳಲ್ಲಿ ಪ್ರತಿ ಬಗೆಯ ಇಟ್ಟಿಗೆಗೂ ಒಂದು ಸಂಖ್ಯೆ ಇತ್ತು. ಇಬ್ಬರು ಮಾಡ್ ಕರ್ತೃಗಳು ಗೊತ್ತಿಲ್ಲದೆ ಒಂದೇ ಸಂಖ್ಯೆ ಬಳಸಿದರೆ ಜಗಳ. ಸಂಖ್ಯೆ ಬದಲಿಸಿದರೆ ಕಟ್ಟಿದ ಮನೆಯ ಗೋಡೆ ಬೇರೇನೋ ಆಗಿಬಿಡುತ್ತಿತ್ತು! 2018ರಲ್ಲಿ ಬಂದ 1.13ನೇ ಆವೃತ್ತಿಯಿಂದ ಸಂಖ್ಯೆಯ ಬದಲು ಹೆಸರೇ ಕಡತಕ್ಕೆ ಸೇರತೊಡಗಿತು. ಆದರೂ ಮಾಡ್ ತೆಗೆದರೆ ಅದರ ಇಟ್ಟಿಗೆಗಳು ಇದ್ದ ಜಾಗ ಬಯಲಾಗುವುದು ತಪ್ಪಿಲ್ಲ.

ಹುಡುಕುವುದು ಎಲ್ಲಿ?

ಸೇವ್ ಕಡತಕ್ಕೆ ಇಂಥದೇ ಜಾಗ ಎಂಬ ಕಟ್ಟುಪಾಡು ಎಂದೂ ಗಟ್ಟಿಯಾಗಿ ನಿಲ್ಲಲಿಲ್ಲ. ಅದಕ್ಕೂ ಒಂದು ಇತಿಹಾಸವಿದೆ. 1990ರ ದಶಕದ ಆಟಗಳು ಆಟದ ಫೋಲ್ಡರಿನಲ್ಲೇ ಕಡತ ಇಡುತ್ತಿದ್ದವು. ಹುಡುಕುವುದು ಸುಲಭ, ಆದರೆ ಆಟ ಅಳಿಸಿದರೆ ಅದೂ ಅಳಿಯಬಹುದು. 2007ರಲ್ಲಿ ಮಾರುಕಟ್ಟೆಗೆ ಬಂದ ‘ವಿಂಡೋಸ್ ವಿಸ್ತಾ’ ಸುರಕ್ಷತೆಯ ಕಾರಣಕ್ಕೆ ‘ಪ್ರೋಗ್ರಾಮ್ ಫೈಲ್ಸ್’ ಫೋಲ್ಡರಿನಲ್ಲಿ ಬರೆಯುವುದಕ್ಕೆ ತಡೆ ಹಾಕಿತು. ಹಳೆಯ ಆಟ ಅಲ್ಲಿ ಬರೆಯಲು ಹೋದರೆ ವಿಂಡೋಸ್ ಅದನ್ನು ಸದ್ದಿಲ್ಲದೆ ‘ವರ್ಚುಯಲ್ ಸ್ಟೋರ್’ ಎಂಬ ಗುಪ್ತ ಜಾಗಕ್ಕೆ ತಿರುಗಿಸುತ್ತದೆ. ಕಡತ ಬರೆದದ್ದು ನಿಜ, ಫೋಲ್ಡರಿನಲ್ಲಿ ಕಾಣದಿರುವುದೂ ನಿಜ!

ಈಗಿನ ಆಟಗಳಲ್ಲಿ ಮುಖ್ಯವಾಗಿ ಈ ಜಾಗಗಳನ್ನು ನೋಡಬೇಕು. ಮೊದಲನೆಯದು ‘ಡಾಕ್ಯುಮೆಂಟ್ಸ್’ ಒಳಗಿನ ‘ಮೈ ಗೇಮ್ಸ್’. ಸ್ಕೈರಿಮ್‌ನ ಕಡತಗಳು ಇಲ್ಲಿ ಆಟದ ಹೆಸರಿನ ಫೋಲ್ಡರಿನೊಳಗೆ ‘ಸೇವ್ಸ್’ ಎಂಬಲ್ಲಿರುತ್ತವೆ. ಎರಡನೆಯದು ಬಳಕೆದಾರರ ಹೆಸರಿನಡಿ ಇರುವ ‘ಸೇವ್ಡ್ ಗೇಮ್ಸ್’. ಮೂರನೆಯದು ‘ಆ್ಯಪ್‌ಡೇಟಾ’. ಇದು ಸಾಮಾನ್ಯವಾಗಿ ಕಣ್ಣಿಗೆ ಬೀಳದು, ವಿಂಡೋಸ್ ಅದನ್ನು ಮರೆಮಾಡಿರುತ್ತದೆ. ಫೋಲ್ಡರ್ ಕಿಟಕಿಯ ಮೇಲ್ಭಾಗದ ವಿಳಾಸ ಪಟ್ಟಿಯಲ್ಲಿ ಎರಡು ಶೇಕಡಾ ಚಿಹ್ನೆಗಳ ನಡುವೆ ಆ್ಯಪ್‌ಡೇಟಾ ಎಂದು ಇಂಗ್ಲಿಷಿನಲ್ಲಿ ಟೈಪ್ ಮಾಡಿ ಎಂಟರ್ ಒತ್ತಿದರೆ ಅದರ ‘ರೋಮಿಂಗ್’ ಭಾಗ ತೆರೆದುಕೊಳ್ಳುತ್ತದೆ. ಮೈನ್‌ಕ್ರಾಫ್ಟ್‌ನ ಜಾವಾ ಆವೃತ್ತಿಯ ಪ್ರಪಂಚಗಳೂ, ‘ಸ್ಟಾರ್‌ಡ್ಯೂ ವ್ಯಾಲಿ’ ಎಂಬ ಬೇಸಾಯದ ಆಟದ ತೋಟಗಳೂ ಇಲ್ಲೇ. ಪಕ್ಕದಲ್ಲೇ ‘ಲೋಕಲ್’, ‘ಲೋಕಲ್‌ಲೋ’ ಎಂಬ ಇನ್ನೆರಡು ಭಾಗಗಳಿವೆ. ನಾಲ್ಕನೆಯದು ‘ಸ್ಟೀಮ್’ ಅಂಗಡಿಯ ಫೋಲ್ಡರಿನೊಳಗಿನ ‘ಯೂಸರ್‌ಡೇಟಾ’. ಲಿನಕ್ಸ್ ಬಳಸುವವರು, ‘ಸ್ಟೀಮ್ ಡೆಕ್’ ಇರುವವರು ಸ್ಟೀಮ್‌ನ ‘ಕಂಪ್ಯಾಟ್‌ಡೇಟಾ’ ಫೋಲ್ಡರನ್ನು ನೋಡಬೇಕು. ಅಲ್ಲಿ ಪ್ರತಿ ಆಟಕ್ಕೂ ಒಂದು ಸಂಖ್ಯೆ, ಅದರೊಳಗೆ ವಿಂಡೋಸಿನದೇ ಒಂದು ಪುಟ್ಟ ಪ್ರತಿಕೃತಿ.

ಮಾಡ್ ಬಳಸುವವರಿಗೆ ಮತ್ತೊಂದು ಬಾಗಿಲೂ ಇದೆ. ಮಾಡ್‌ಗಳನ್ನು ಜೋಡಿಸಿಕೊಡುವ ‘ಮಾಡ್ ಆರ್ಗನೈಜರ್’ನಂಥ ತಂತ್ರಾಂಶಗಳು ಪ್ರತಿ ಜೋಡಣೆಗೂ ಪ್ರತ್ಯೇಕ ಸೇವ್ ಫೋಲ್ಡರ್ ಇಡುವ ಅನುಕೂಲ ಕೊಡುತ್ತವೆ. ಅದನ್ನು ಆರಿಸಿಕೊಂಡವರು ‘ಡಾಕ್ಯುಮೆಂಟ್ಸ್’ನಲ್ಲಿ ಎಷ್ಟು ತಡಕಿದರೂ ಪ್ರಯೋಜನವಿಲ್ಲ. ಕಡತ ಆ ತಂತ್ರಾಂಶದ ‘ಪ್ರೊಫೈಲ್ಸ್’ ಒಳಗಿರುತ್ತದೆ. ಮಾಡ್‌ಗಳ ಸಮೇತ ಮೈನ್‌ಕ್ರಾಫ್ಟ್ ನಡೆಸುವ ಅನೇಕ ತಂತ್ರಾಂಶಗಳೂ ಪ್ರತಿ ಜೋಡಣೆಗೆ ಬೇರೆಯೇ ‘ಸೇವ್ಸ್’ ಇಡುತ್ತವೆ. ‘ನನ್ನ ಪ್ರಪಂಚ ಕಾಣೆಯಾಯಿತು’ ಎಂಬ ದೂರಿನಲ್ಲಿ ಎಷ್ಟೋ ಸಲ ಪ್ರಪಂಚ ಕಾಣೆಯಾಗಿರುವುದಿಲ್ಲ, ಪಕ್ಕದ ಕೋಣೆಯಲ್ಲಿರುತ್ತದೆ.

ಏನೂ ತಿಳಿಯದಿದ್ದರೆ ಒಂದು ಸರಳ ಉಪಾಯವಿದೆ. ಆಟದಲ್ಲಿ ಹೊಸದಾಗಿ ಒಮ್ಮೆ ಸೇವ್ ಮಾಡಿ. ಗಡಿಯಾರ ನೋಡಿಕೊಂಡು ಹೊರಬನ್ನಿ. ಬಳಕೆದಾರರ ಫೋಲ್ಡರಿನಲ್ಲಿ ಅದೇ ನಿಮಿಷಕ್ಕೆ ಬದಲಾದ ಕಡತ ಯಾವುದೆಂದು ದಿನಾಂಕದ ಪ್ರಕಾರ ಜೋಡಿಸಿ ಹುಡುಕಿ. ಕಳ್ಳ ಸಿಕ್ಕಿಬೀಳುತ್ತಾನೆ. 2012ರಿಂದ ಸ್ವಯಂಸೇವಕರು ಬೆಳೆಸಿಕೊಂಡು ಬಂದಿರುವ ‘ಪಿಸಿ ಗೇಮಿಂಗ್ ವಿಕಿ’ ಎಂಬ ಕೋಶದಲ್ಲಿ ಯಾವ ಆಟದ ಕಡತ ಎಲ್ಲಿರುತ್ತದೆಂಬ ವಿವರ ಸಿಗುತ್ತದೆ. ಆ ಮಾಹಿತಿಯನ್ನೇ ಆಧರಿಸಿ ಕಡತಗಳನ್ನು ತಾನಾಗಿ ಹುಡುಕಿ ಪ್ರತಿ ತೆಗೆಯುವ ‘ಲುಡುಸಾವಿ’ ಎಂಬ ಉಚಿತ ತಂತ್ರಾಂಶವೂ ಇದೆ.

ಆಟ ಸೇವ್ ಆಗುವುದೇ ಇಲ್ಲ ಎಂಬವರು ಇನ್ನೊಂದನ್ನು ಗಮನಿಸಬೇಕು. ‘ವಿಂಡೋಸ್ 10’ಕ್ಕೆ 2017ರಲ್ಲಿ ಸೇರಿದ ಒಂದು ಕಾವಲು ವ್ಯವಸ್ಥೆ, ಅದನ್ನು ಚಾಲೂ ಮಾಡಿದ್ದರೆ, ಗುರುತಿಲ್ಲದ ತಂತ್ರಾಂಶಗಳು ‘ಡಾಕ್ಯುಮೆಂಟ್ಸ್’ನಲ್ಲಿ ಬರೆಯದಂತೆ ತಡೆಯುತ್ತದೆ. ಆಟಕ್ಕೆ ಅಲ್ಲಿ ಅನುಮತಿ ಕೊಟ್ಟರೆ ಸರಿಹೋಗುತ್ತದೆ.

ಕಾಪಾಡುವುದು ಹೇಗೆ?

ಕಡತ ಸಿಕ್ಕಿತು. ಮುಂದೇನು? ಮೊದಲ ಕೆಲಸ ಪ್ರತಿ ತೆಗೆಯುವುದು. ಹೊಸ ಮಾಡ್ ಹಾಕುವ ಮೊದಲು, ಹಳೆಯ ಮಾಡ್ ತೆಗೆಯುವ ಮೊದಲು, ಆಟದ ಆವೃತ್ತಿ ಬದಲಾಗುವ ಮೊದಲು, ಈ ಮೂರೂ ಸಂದರ್ಭಗಳಲ್ಲಿ ಸೇವ್ ಫೋಲ್ಡರನ್ನು ಪೂರ್ತಿಯಾಗಿ ಬೇರೆಡೆ ನಕಲು ಮಾಡಿ, ಅದಕ್ಕೆ ದಿನಾಂಕದ ಹೆಸರಿಡಬೇಕು.

‘ಪೂರ್ತಿಯಾಗಿ’ ಎಂಬ ಮಾತಿಗೆ ಒತ್ತು ಕೊಡಬೇಕು. ಎಷ್ಟೋ ಆಟಗಳಲ್ಲಿ ಸೇವ್ ಎಂಬುದು ಜೋಡಿ ಕಡತ. ಸ್ಕೈರಿಮ್‌ಗೆ ‘ಸ್ಕ್ರಿಪ್ಟ್ ಎಕ್ಸ್‌ಟೆಂಡರ್’ ಎಂಬ ಪೂರಕ ಹಾಕಿದ್ದರೆ, ಮೂಲ ಸೇವ್ ಕಡತದ ಪಕ್ಕದಲ್ಲಿ ಅದೇ ಹೆಸರಿನ ಇನ್ನೊಂದು ಕಡತ ಹುಟ್ಟುತ್ತದೆ. ಮಾಡ್‌ಗಳ ಹೆಚ್ಚುವರಿ ನೆನಪು ಅದರಲ್ಲಿದೆ. ಒಂದನ್ನು ನಕಲಿಸಿ ಇನ್ನೊಂದನ್ನು ಬಿಟ್ಟರೆ, ಒಂದರ ಹೆಸರು ಬದಲಿಸಿ ಇನ್ನೊಂದರದು ಬದಲಿಸದಿದ್ದರೆ, ಜೋಡಿ ಮುರಿಯಿತು. ಸ್ಟಾರ್‌ಡ್ಯೂ ವ್ಯಾಲಿಯಲ್ಲೂ ತೋಟದ ಹೆಸರಿನ ಫೋಲ್ಡರಿನೊಳಗೆ ಅದೇ ಹೆಸರಿನ ದೊಡ್ಡ ಕಡತ ಒಂದು, ಆಟಗಾರನ ಸಾರಾಂಶದ ಚಿಕ್ಕ ಕಡತ ಇನ್ನೊಂದು. ಎರಡೂ ಬೇಕು. ಅಂದ ಹಾಗೆ, ಈ ಆಟದ ಮಾಡ್‌ಗಳನ್ನು ನಡೆಸುವ ‘ಸ್ಮಾಪಿ’ ಎಂಬ ತಂತ್ರಾಂಶ ತಾನಾಗಿಯೇ ದಿನಕ್ಕೊಂದು ಪ್ರತಿ ತೆಗೆದು ಆಟದ ಫೋಲ್ಡರಿನಲ್ಲಿಡುತ್ತದೆ. ಇದು ಗೊತ್ತಿಲ್ಲದೆ ಕೈಚೆಲ್ಲಿ ಕುಳಿತವರು ಎಷ್ಟೋ ಮಂದಿ.

ಎರಡನೆಯದು, ಮಾಡ್‌ಗಳ ಪಟ್ಟಿ. ಯಾವ ಮಾಡ್, ಯಾವ ಆವೃತ್ತಿ, ಯಾವ ಕ್ರಮದಲ್ಲಿ ಎಂದು ಬರೆದು ಸೇವ್ ಕಡತದ ಪಕ್ಕದಲ್ಲೇ ಇಡಬೇಕು. ಸಾಧ್ಯವಾದರೆ ಮಾಡ್ ಕಡತಗಳನ್ನೂ ಇಟ್ಟುಕೊಳ್ಳಬೇಕು. ಅವಿಲ್ಲದ ಸೇವ್ ಕಡತ ಮಣೆಯಿಲ್ಲದ ಲಕೋಟೆ.

ಮೂರನೆಯದು, ‘ಕ್ಲೌಡ್’ ಅನ್ನು ಪೂರ್ತಿ ನಂಬದಿರುವುದು. ಸ್ಟೀಮ್ ಅಂಗಡಿ 2008ರಿಂದ ಸೇವ್ ಕಡತಗಳನ್ನು ದೂರದ ಕಂಪ್ಯೂಟರುಗಳಲ್ಲಿ ಇಡುವ ಸೌಲಭ್ಯ ಕೊಟ್ಟಿದೆ. ಉಪಯುಕ್ತವೇ. ಆದರೆ ಅದು ಇಲ್ಲಿರುವುದನ್ನು ಅಲ್ಲಿಗೆ ಹೊಂದಿಸುತ್ತದೆ, ಅಷ್ಟೆ. ಇಲ್ಲಿ ಕಡತ ಹಾಳಾದರೆ ಹಾಳಾದದ್ದೇ ಅಲ್ಲಿಗೂ ಹೋಗುತ್ತದೆ. ಎರಡು ಕಡೆ ಬೇರೆ ಬೇರೆ ಕಡತ ಇದ್ದಾಗ ‘ಯಾವುದು ಬೇಕು?’ ಎಂಬ ಪ್ರಶ್ನೆಗೆ ಅವಸರದಲ್ಲಿ ತಪ್ಪು ಗುಂಡಿ ಒತ್ತಿದರೆ ಹೊಸದರ ಮೇಲೆ ಹಳೆಯದು ಕೂರುತ್ತದೆ. ಮಾಡ್ ಪರೀಕ್ಷೆಯ ದಿನ ಈ ಹೊಂದಾಣಿಕೆಯನ್ನು ನಿಲ್ಲಿಸಿಡುವುದು ಕ್ಷೇಮ.

ನಾಲ್ಕನೆಯದು, ಒಂದೇ ಸ್ಥಾನದ ಮೇಲೆ ಮತ್ತೆ ಮತ್ತೆ ಬರೆಯದಿರುವುದು. ಆಟ ತಾನಾಗಿ ಮಾಡುವ ‘ಆಟೊಸೇವ್’ ಹಳೆಯದನ್ನು ಅಳಿಸುತ್ತಾ ಹೋಗುತ್ತದೆ. ತೊಂದರೆ ನಿನ್ನೆಯೇ ಶುರುವಾಗಿ ಇಂದು ಕಂಡರೆ ಹಿಂದಕ್ಕೆ ಹೋಗಲು ದಾರಿ ಇರುವುದಿಲ್ಲ. ಎರಡು ಮೂರು ದಿನಕ್ಕೊಮ್ಮೆ ಹೊಸ ಹೆಸರಿನಲ್ಲಿ ಸೇವ್ ಮಾಡುವ ಅಭ್ಯಾಸ ಒಳ್ಳೆಯದು.

ಯಾರ ನೆನಪು, ಯಾರ ಸ್ವತ್ತು?

ಇಷ್ಟೆಲ್ಲ ಮಾಡಿದರೂ ಆಟಗಾರನ ಕೈಮೀರಿದ ಸಂಗತಿಗಳಿವೆ. 2024ರ ಏಪ್ರಿಲ್ 25ರಂದು ‘ಫಾಲೌಟ್ 4’ ಎಂಬ ಎಂಟು ವರ್ಷಕ್ಕೂ ಹಳೆಯ ಆಟಕ್ಕೆ ಕಂಪನಿ ದೊಡ್ಡದೊಂದು ಪರಿಷ್ಕರಣೆ ತಂದಿತು. ಆಟದ ಒಳಗು ಬದಲಾದ್ದರಿಂದ ಅನೇಕ ಮಾಡ್‌ಗಳು ಕೆಲಸ ನಿಲ್ಲಿಸಿದವು. ಅವನ್ನು ನಂಬಿದ್ದ ಸೇವ್ ಕಡತಗಳೂ ನಿಂತವು. ವರ್ಷಗಟ್ಟಲೆ ಶ್ರಮಿಸಿ ಅಭಿಮಾನಿಗಳು ಕಟ್ಟಿದ್ದ ‘ಫಾಲೌಟ್ ಲಂಡನ್’ ಎಂಬ ಬೃಹತ್ ಮಾಡ್, ಅದೇ ತಿಂಗಳು ಬಿಡುಗಡೆಯಾಗಬೇಕಿದ್ದದ್ದು, ಜುಲೈಗೆ ಮುಂದೆ ಹೋಯಿತು. ಆಟಗಾರರು ಹಳೆಯ ಆವೃತ್ತಿಗೆ ಹಿಂದಿರುಗುವ ದಾರಿ ಹುಡುಕಬೇಕಾಯಿತು.

2021ರ ಜುಲೈನ ವಿವಾದ ಇದಕ್ಕಿಂತ ಸೂಕ್ಷ್ಮವಾದದ್ದು. ಮಾಡ್‌ಗಳ ದೊಡ್ಡ ಭಂಡಾರವಾದ ‘ನೆಕ್ಸಸ್ ಮಾಡ್ಸ್’, ಕರ್ತೃಗಳು ಇನ್ನು ಮುಂದೆ ತಮ್ಮ ಮಾಡ್ ಕಡತಗಳನ್ನು ಶಾಶ್ವತವಾಗಿ ಅಳಿಸುವಂತಿಲ್ಲ, ಅವು ಕಡತಾಗಾರದಲ್ಲಿ ಉಳಿಯುತ್ತವೆ ಎಂದು ಪ್ರಕಟಿಸಿತು. ಒಪ್ಪದವರಿಗೆ ಅಳಿಸಿಕೊಂಡು ಹೋಗಲು ಸುಮಾರು ಒಂದು ತಿಂಗಳ ಕಾಲಾವಕಾಶ ಕೊಟ್ಟಿತು. ಕೆಲವರು ಹೊರಟೂ ಹೋದರು. ಬಿಡುವಿನ ವೇಳೆಯಲ್ಲಿ ಉಚಿತವಾಗಿ ಮಾಡಿಕೊಟ್ಟ ಕೆಲಸವನ್ನು ಹಿಂದೆ ಪಡೆಯುವ ಹಕ್ಕೂ ತಮಗಿಲ್ಲವೇ ಎಂಬುದು ಅವರ ಪ್ರಶ್ನೆ. ಒಂದು ಮಾಡ್ ಮಾಯವಾದರೆ ಅದನ್ನು ನಂಬಿ ನೂರಾರು ಗಂಟೆ ಆಡಿದವರ ಆಟದ ಗತಿಯೇನು ಎಂಬುದು ಎದುರಿನವರ ಪ್ರಶ್ನೆ. ಎರಡೂ ಸುಲಭವಾಗಿ ತಳ್ಳಿಹಾಕುವಂಥವಲ್ಲ.

ಕಾಲವೂ ತನ್ನ ಕೆಲಸ ಮಾಡುತ್ತಿರುತ್ತದೆ. 1980, 90ರ ದಶಕಗಳ ಕಾರ್ಟ್ರಿಜ್ಜುಗಳ ಬ್ಯಾಟರಿಗಳು ಒಂದೊಂದಾಗಿ ಆರುತ್ತಿವೆ. ಅದರೊಂದಿಗೆ ಒಳಗಿನ ನೆನಪೂ ಹೋಗುತ್ತದೆ. ಅಂತರಜಾಲದ ಪುಟಗಳಲ್ಲೇ ಆಡುತ್ತಿದ್ದ ಆಟಗಳಿಗೆ ಆಧಾರವಾಗಿದ್ದ ‘ಅಡೋಬ್ ಫ್ಲ್ಯಾಶ್’ಗೆ 2020ರ ಡಿಸೆಂಬರ್ 31ಕ್ಕೆ ಬೆಂಬಲ ನಿಂತಿತು. ‘ಫಾರ್ಮ್‌ವಿಲ್’ನಲ್ಲಿ ಜನ ವರ್ಷಗಟ್ಟಲೆ ಬೆಳೆಸಿದ ತೋಟಗಳು ಅದೇ ದಿನ ಮುಚ್ಚಿದವು. ಆ ತೋಟಗಳ ಕಡತ ಆಡಿದವರ ಕಂಪ್ಯೂಟರಿನಲ್ಲಿ ಇರಲಿಲ್ಲ, ಕಂಪನಿಯ ಬಳಿ ಇತ್ತು. ಪ್ರತಿ ತೆಗೆದಿಡುವ ಅವಕಾಶವೇ ಅವರಿಗಿರಲಿಲ್ಲ.

ಆಟ ತಾನೇ, ಹೋದರೆ ಹೋಯಿತು ಎನ್ನುವವರಿದ್ದಾರೆ. ಆದರೆ ಅಣ್ಣ ತಂಗಿ ಕೂಡಿ ರಜೆಯೆಲ್ಲ ಕಟ್ಟಿದ ಮೈನ್‌ಕ್ರಾಫ್ಟ್ ಊರು, ದೂರದೂರಿಗೆ ಓದಲು ಹೋದ ಮಗ ಬಿಟ್ಟುಹೋದ ತೋಟ, ಇವು ಮನೆಯ ಫೋಟೊ ಆಲ್ಬಮ್‌ಗಿಂತ ಕಡಿಮೆಯ ವಸ್ತುಗಳೇನಲ್ಲ. ಆಲ್ಬಮ್ಮನ್ನು ಗೆದ್ದಲು ಹಿಡಿಯದ ಕಡೆ ಇಡುವ ಕಾಳಜಿ ಎಲ್ಲರಿಗೂ ಇದೆ. ಕಂಪ್ಯೂಟರ್ ರಿಪೇರಿಗೆ ಕೊಡುವ ಮೊದಲು ಮನೆಯ ಮಕ್ಕಳನ್ನು ‘ನಿನ್ನ ಆಟದ ಕಡತ ಎಲ್ಲಿದೆ, ಪ್ರತಿ ತೆ‌ಗೆದಿದ್ದೀಯಾ?’ ಎಂದು ಕೇಳಿದರೆ ಸಾಕು. ಕೆಲವು ಮೆಗಾಬೈಟಿನ ಆ ಫೋಲ್ಡರ್ ಒಂದು ಪೆನ್ ಡ್ರೈವಿನ ಮೂಲೆಯಲ್ಲಿ ಹಿಡಿಸುತ್ತದೆ. ಜತೆಗೆ ಮಾಡ್‌ಗಳ ಪಟ್ಟಿಯನ್ನೂ ಹಾಕಿಡಲು ಹೇಳಿ.